ರೆಪ್ಪೆ ತೆರೆದ ಗಳಿಗೆ: ಎರಡು ಕಿರುಚಿತ್ರಗಳಲ್ಲಿ ಮನುಷ್ಯನ ಕಣ್ಣು

ಫ್ರಾನ್ಸಿನ ನಿರ್ದೇಶಕ ಕ್ರಿಸ್ ಮಾರ್ಕರ್ 1962ರಲ್ಲಿ ನಿರ್ಮಿಸಿದ ‘ಲಾ ಜೆಟೆ’ ಎಂಬ ಕಿರುಚಿತ್ರ 28 ನಿಮಿಷಗಳದ್ದು. ಅಷ್ಟು ಹೊತ್ತಿನಲ್ಲಿ ಪರದೆಯ ಮೇಲಿನ ಮನುಷ್ಯರು ಕದಲುವುದು ಒಂದೇ ಒಂದು ಸಲ, ಅದೂ ಕೆಲವೇ ಕ್ಷಣಗಳ ಮಟ್ಟಿಗೆ: ಹಾಸಿಗೆಯಲ್ಲಿ ಮಲಗಿರುವ ಹೆಣ್ಣೊಬ್ಬಳು ರೆಪ್ಪೆ ತೆರೆದು ನಮ್ಮತ್ತ ನೋಡುತ್ತಾಳೆ. ಉಳಿದುದೆಲ್ಲ ಕಪ್ಪುಬಿಳುಪಿನ ಸ್ಥಿರಚಿತ್ರಗಳು. ಒಂದು ಬಂದು ನಿಲ್ಲುತ್ತದೆ, ಕರಗುತ್ತದೆ, ಇನ್ನೊಂದು ಬರುತ್ತದೆ. ನಿರೂಪಕನ ಧ್ವನಿ ಕಥೆ ಹೇಳುತ್ತಾ ಹೋಗುತ್ತದೆ. ಚಲನಚಿತ್ರವೆಂಬ ಹೆಸರಿಗೇ ಸವಾಲಾಗಿರುವ ಈ ಕೃತಿ ಉಪವಾಸವಿದ್ದು ಚಲನೆಯನ್ನು ಕೂಡಿಡುತ್ತದೆ. ಕೂಡಿಟ್ಟದ್ದನ್ನೆಲ್ಲ ಒಂದು ಜೊತೆ ಕಣ್ಣುಗಳಿಗೆ ವೆಚ್ಚಮಾಡುತ್ತದೆ.

ಕಳೆದ ತಪಸ್ಸುಕಾಲದಲ್ಲಿ ಕ್ರಿಸ್ತಶಾಸ್ತ್ರದ ತರಗತಿಯಲ್ಲಿ ನಾವು ಇದನ್ನು ಪ್ರದರ್ಶಿಸಿದೆವು. ಸಂತ ಲೂಕನ ಶುಭಸಂದೇಶದ ಇಪ್ಪತ್ತೆರಡನೆಯ ಅಧ್ಯಾಯದಲ್ಲಿ ಪ್ರಭು ಹಿಂದಿರುಗಿ ಪೇತ್ರನನ್ನು ದಿಟ್ಟಿಸುವ ಪ್ರಸಂಗ ಪಾಠದಲ್ಲಿತ್ತು. ಮಾತಿಲ್ಲದೆ ಒಂದು ನೋಟ ಏನು ಮಾಡಬಲ್ಲದು ಎಂಬುದಕ್ಕೆ ನಿದರ್ಶನ ಸಿಕ್ಕೀತೆಂಬ ಸರಳ ಉದ್ದೇಶ ನಮ್ಮದಾಗಿತ್ತು. ಚಿತ್ರ ಮುಗಿದ ಮೇಲೆ ಹಿಂದಿನ ಸಾಲಿನ ಬ್ರದರ್ ಒಬ್ಬರು ಎದ್ದುನಿಂತು, “ಫಾದರ್, ಅವಳು ಕಣ್ಣು ತೆರೆದು ನೋಡಿದ್ದು ಯಾರನ್ನು?” ಎಂದು ಕೇಳಿದರು. “ಅವಳನ್ನು ಪ್ರೀತಿಸಿದವನನ್ನು” ಎಂದು ಥಟ್ಟನೆ ಉತ್ತರಿಸಿದೆವು. ಆ ಉತ್ತರ ಸಾಲದೆಂಬುದು ಅಂದು ಸಂಜೆ ಚಿತ್ರವನ್ನು ಮತ್ತೊಮ್ಮೆ ನೋಡಿದಾಗಲೇ ತಿಳಿಯಿತು. ಈ ಬರಹ ಆ ಬ್ರದರ್‌ಗೆ ನಾವು ತಡವಾಗಿ ಕೊಡುತ್ತಿರುವ ಉತ್ತರ.

ಚಿತ್ರವನ್ನು ಕಾಣದವರಿಗಾಗಿ ಕಥೆಯನ್ನು ಚಿಕ್ಕದಾಗಿ ಹೇಳಬೇಕು. ಮೂರನೆಯ ಮಹಾಯುದ್ಧದಲ್ಲಿ ಪ್ಯಾರಿಸ್ ನಾಶವಾಗಿದೆ. ಬದುಕುಳಿದವರು ನೆಲಮಾಳಿಗೆಗಳಲ್ಲಿ ಸೇರಿದ್ದಾರೆ. ಗೆದ್ದವರು ಸೆರೆಯಾಳುಗಳ ಮೇಲೆ ಪ್ರಯೋಗ ನಡೆಸಿ, ಅವರನ್ನು ಕಾಲದಲ್ಲಿ ಹಿಂದಕ್ಕೂ ಮುಂದಕ್ಕೂ ಕಳುಹಿಸಲು ಯತ್ನಿಸುತ್ತಿದ್ದಾರೆ. ಒಬ್ಬ ಸೆರೆಯಾಳು ಅದಕ್ಕೆ ತಕ್ಕವನೆನಿಸುತ್ತಾನೆ. ಏಕೆಂದರೆ ಬಾಲ್ಯದಲ್ಲಿ ಓರ್ಲಿ ವಿಮಾನ ನಿಲ್ದಾಣದ ವೀಕ್ಷಣಾ ಕಟ್ಟೆಯ ಮೇಲೆ ಕಂಡ ಒಬ್ಬ ಹೆಣ್ಣಿನ ಮುಖ ಅವನ ಮನಸ್ಸಿನಲ್ಲಿ ಅಚ್ಚೊತ್ತಿ ಕುಳಿತಿದೆ. ಆ ಮುಖವನ್ನೇ ಊರುಗೋಲಾಗಿ ಹಿಡಿದು ಅವನು ಕಾಲವನ್ನು ದಾಟುತ್ತಾನೆ, ಅವಳನ್ನು ಸೇರುತ್ತಾನೆ, ಕೊನೆಗೆ ಅದೇ ಕಟ್ಟೆಯ ಮೇಲೆ ಗುಂಡಿಗೆ ಬಲಿಯಾಗುತ್ತಾನೆ. ಹುಡುಗನಾಗಿದ್ದಾಗ ಅಲ್ಲಿ ತಾನು ಕಂಡದ್ದು ತನ್ನದೇ ಸಾವನ್ನು ಎಂಬುದು ಆಗ ಅವನಿಗೆ ಹೊಳೆಯುತ್ತದೆ.

ಕಥೆಗಿಂತ ಹೆಚ್ಚಾಗಿ ಈ ಚಿತ್ರದಲ್ಲಿ ಗಮನಿಸಬೇಕಾದದ್ದು ಅದು ತೋರಿಸುವ ಕಣ್ಣುಗಳನ್ನು. ಸೆರೆಯಾಳಿನ ಕಣ್ಣುಗಳ ಮೇಲೆ ಮೆತ್ತೆಯಂಥ ಪಟ್ಟಿಯನ್ನು ಬಿಗಿಯಲಾಗಿದೆ. ಕಾಣಬೇಕಾದರೆ ಅವನು ಕುರುಡನಾಗಬೇಕು. ಪ್ರಯೋಗ ನಡೆಸುವವನ ಮುಖದ ಮೇಲೆ ಗಡಿಯಾರ ರಿಪೇರಿಯವರದನ್ನು ನೆನಪಿಸುವ ದಪ್ಪ ಮಸೂರಗಳ ವಿಚಿತ್ರ ಕನ್ನಡಕ; ಅವನಿಗೆ ಎಲ್ಲವೂ ದೊಡ್ಡದಾಗಿ ಕಾಣುತ್ತದೆ, ಮನುಷ್ಯನೊಬ್ಬನನ್ನು ಬಿಟ್ಟು. ಪ್ರೇಮಿಗಳಿಬ್ಬರೂ ಪ್ರಾಣಿಗಳ ವಸ್ತುಸಂಗ್ರಹಾಲಯದಲ್ಲಿ ಅಡ್ಡಾಡುವಾಗ ಸುತ್ತಲೂ ಒಳಗೆ ತುರುಕಿ ನಿಲ್ಲಿಸಿದ ಮೃಗಗಳು, ಅವುಗಳ ಗಾಜಿನ ಕಣ್ಣುಗಳು. ಭಗ್ನ ಪ್ರತಿಮೆಗಳ ಕಲ್ಲಿನ ಕಣ್ಣುಗಳೂ ಉಂಟು. ಇಷ್ಟು ಕಣ್ಣುಗಳ ನಡುವೆ ಜೀವವಿರುವುದು ಅವಳ ಕಣ್ಣಿಗೆ ಮಾತ್ರ.

ಆ ಗಳಿಗೆಯನ್ನು ಮಾರ್ಕರ್ ಹೇಗೆ ಸಿದ್ಧಪಡಿಸುತ್ತಾನೆ ಎಂಬುದು ಯಾಜಕರಾದ ನಮಗೆ ಪಾಠವಾಗಬಲ್ಲದು. ನಿದ್ದೆಯಲ್ಲಿರುವ ಅವಳ ಮುಖದ ಒಂದು ಚಿತ್ರ ಇನ್ನೊಂದರಲ್ಲಿ ಕರಗುತ್ತದೆ. ತಲೆ ತುಸು ಹೊರಳಿದೆ, ಕೈ ತುಸು ಸರಿದಿದೆ. ಚಿತ್ರಗಳ ನಡುವಿನ ಅಂತರ ಕಿರಿದಾಗುತ್ತಾ ಬರುತ್ತದೆ. ಹಕ್ಕಿಗಳ ಚಿಲಿಪಿಲಿ ಏರುತ್ತಾ ಏರುತ್ತಾ ಕಿವಿ ತುಂಬುತ್ತದೆ. ಅದುವರೆಗೆ ಎಲ್ಲವನ್ನೂ ವಿವರಿಸುತ್ತಿದ್ದ ನಿರೂಪಕ ಬಾಯಿ ಮುಚ್ಚಿದ್ದಾನೆ. ಆಗ ರೆಪ್ಪೆಗಳು ತೆರೆಯುತ್ತವೆ. ಅವಳು ಕಣ್ಣು ಮಿಟುಕಿಸುತ್ತಾಳೆ. ಅಷ್ಟೆ. ಮರುಕ್ಷಣ ಮತ್ತೆ ಸ್ಥಿರಚಿತ್ರ.

ಶಿಲ್ಪಿಯು ವಿಗ್ರಹಕ್ಕೆ ಕಟ್ಟಕಡೆಗೆ ಕಣ್ಣು ತೆರೆಸುವ ನೇತ್ರೋನ್ಮೀಲನದ ವಿಧಿಯನ್ನು ಕೇಳಿಬಲ್ಲ ನಮ್ಮ ನಾಡಿನ ಪ್ರೇಕ್ಷಕನಿಗೆ ಈ ಕ್ರಮ ತೀರ ಅಪರಿಚಿತವೆನಿಸದು. ಆದರೆ ಈ ಹೋಲಿಕೆಯನ್ನು ಹೆಚ್ಚು ಎಳೆಯಬಾರದು. ಅಲ್ಲಿ ಕಲ್ಲಿನಲ್ಲಿ ದೈವ ನೆಲೆಗೊಳ್ಳಬೇಕೆಂಬ ಸಂಕಲ್ಪವಿದೆ; ಇಲ್ಲಿ ಒಂದು ನೆನಪು, ಒಬ್ಬ ಗಂಡಸು ತನ್ನ ತಲೆಯಲ್ಲಿ ಹೊತ್ತು ತಿರುಗುತ್ತಿದ್ದ ಒಂದು ಚಿತ್ರ, ಇದ್ದಕ್ಕಿದ್ದಂತೆ ಅವನಿಂದ ಬೇರೆಯಾದ ಒಬ್ಬ ವ್ಯಕ್ತಿಯಾಗಿ ಎದ್ದು ನೋಡುತ್ತದೆ.

ಆ ಕಣ್ಣುಗಳು ವ್ಯಕ್ತಪಡಿಸುವುದೇನು? ವಿಮರ್ಶಕರು ಇಲ್ಲಿ ಪ್ರೇಮವನ್ನೂ ಬೆರಗನ್ನೂ ಶಾಂತಿಯನ್ನೂ ಕಾಣುವುದುಂಟು. ನಾವು ಎಷ್ಟು ಸಲ ನೋಡಿದರೂ ಅಲ್ಲಿ ಕಂಡದ್ದು ಎಚ್ಚರವನ್ನು ಮಾತ್ರ. ಹೆಲೆನ್ ಶಾಟ್ಲೆನ್ ಎಂಬ ಆ ನಟಿ ಅಭಿನಯವೆನ್ನಬಹುದಾದ ಏನನ್ನೂ ಮಾಡುವುದಿಲ್ಲ. ಕಣ್ಣು ಆತ್ಮದ ಕಿಟಕಿ ಎಂದು ಪ್ರಬೋಧನೆಗಳಲ್ಲಿ ನಾವೆಲ್ಲರೂ ಸಲೀಸಾಗಿ ಹೇಳಿಬಿಡುತ್ತೇವೆ. ಆದರೆ ಚಲನಚಿತ್ರದ ಇತಿಹಾಸ ಆ ಮಾತನ್ನು ಬಹಳ ಹಿಂದೆಯೇ ಅಲುಗಾಡಿಸಿದೆ. ರಷ್ಯಾದ ಲೆವ್ ಕುಲೆಶೋವ್ 1920ರ ಆಸುಪಾಸಿನಲ್ಲಿ ಮಾಡಿದನೆನ್ನುವ ಪ್ರಯೋಗ ಪ್ರಸಿದ್ಧವಾದದ್ದು. ಮೊಝುಖಿನ್ ಎಂಬ ನಟನ ನಿರ್ವಿಕಾರ ಮುಖದ ಒಂದೇ ತುಣುಕನ್ನು ಒಮ್ಮೆ ಸೂಪಿನ ಬಟ್ಟಲಿನ ಪಕ್ಕದಲ್ಲಿ, ಒಮ್ಮೆ ಶವಪೆಟ್ಟಿಗೆಯ ಪಕ್ಕದಲ್ಲಿ ಜೋಡಿಸಿ ತೋರಿಸಿದಾಗ, ಪ್ರೇಕ್ಷಕರು ಆ ಕಣ್ಣುಗಳಲ್ಲಿ ಒಮ್ಮೆ ಹಸಿವನ್ನೂ ಒಮ್ಮೆ ದುಃಖವನ್ನೂ ಕಂಡು ನಟನನ್ನು ಮೆಚ್ಚಿಕೊಂಡರಂತೆ. ಭಾವ ಇದ್ದದ್ದು ಕಣ್ಣಿನಲ್ಲಲ್ಲ, ಪಕ್ಕದ ಚಿತ್ರದಲ್ಲಿ. ಅಥವಾ ನೋಡುವವನ ಎದೆಯಲ್ಲಿ.

ಪಕ್ಕದ ಚಿತ್ರವೇ ಇಲ್ಲದಿದ್ದರೆ? ಲಾಟ್ವಿಯಾದ ಹೆರ್ಟ್ಸ್ ಫ್ರಾಂಕ್ 1978ರಲ್ಲಿ ಮಾಡಿದ, ‘ಹತ್ತು ನಿಮಿಷ ಹಿರಿಯ’ ಎಂಬ ಅರ್ಥದ ಹೆಸರಿನ ಚಿತ್ರ ಈ ಪ್ರಶ್ನೆಗೆ ಒಂದು ಉತ್ತರ. ಬೊಂಬೆಯಾಟ ನೋಡುತ್ತಿರುವ ಮಕ್ಕಳ ನಡುವೆ ಕತ್ತಲಲ್ಲಿ ಕುಳಿತ ಪುಟ್ಟ ಹುಡುಗನೊಬ್ಬನ ಮುಖವನ್ನು ಕ್ಯಾಮೆರಾ ಎಲ್ಲಿಯೂ ತುಂಡರಿಸದೆ ಹತ್ತು ನಿಮಿಷ ಹಿಂಬಾಲಿಸುತ್ತದೆ. ಬೊಂಬೆಗಳು ನಮಗೆ ಕಾಣುವುದೇ ಇಲ್ಲ. ಹುಡುಗನ ಕಣ್ಣಿನಲ್ಲಿ ಅಂಜಿಕೆ, ಅಳು, ನಗು ಒಂದರ ಬೆನ್ನಿಗೊಂದು ಹಾಯುತ್ತವೆ. ಸೊಗಸಾದ ಚಿತ್ರ. ಆದರೆ ಅಲ್ಲಿ ನಾವು ಕಾಣದೆ ಕಾಣುವವರು. ಹುಡುಗ ನಮ್ಮನ್ನು ನೋಡುತ್ತಿಲ್ಲ. ಯಾಜಕನಿಗೆ ಕಷ್ಟವಾಗುವುದು ತಿರುಗಿ ನೋಡುವ ಕಣ್ಣು.

ತಿರುಗಿ ನೋಡುವ ಕಣ್ಣಿನ ಭಯಾನಕತೆಯನ್ನು ಸ್ಯಾಮ್ಯುಯೆಲ್ ಬೆಕೆಟ್ ಬರೆದು, ಅಲನ್ ಶ್ನೈಡರ್ ನಿರ್ದೇಶಿಸಿ, 1964ರ ಬೇಸಿಗೆಯಲ್ಲಿ ನ್ಯೂಯಾರ್ಕಿನಲ್ಲಿ ಚಿತ್ರಿತವಾದ ‘ಫಿಲ್ಮ್’ ಎಂಬ ಕಿರುಚಿತ್ರದಷ್ಟು ಕಟುವಾಗಿ ತೋರಿಸಿದ ಕೃತಿ ನಮಗೆ ತಿಳಿದಂತೆ ಇನ್ನೊಂದಿಲ್ಲ. ಅದೂ ತೆರೆಯುವುದು ರೆಪ್ಪೆಯೊಂದರ ಮೇಲೆಯೇ: ಆನೆಯ ಚರ್ಮದಂತೆ ಸುಕ್ಕುಗಟ್ಟಿದ ಮುದಿ ರೆಪ್ಪೆ ಪರದೆ ತುಂಬ ಹರಡಿಕೊಂಡಿದೆ, ಮೆಲ್ಲನೆ ತೆರೆಯುತ್ತದೆ. ಅದು ಮೂಕಿಚಿತ್ರಗಳ ಕಾಲದ ಮಹಾನಟ ಬಸ್ಟರ್ ಕೀಟನ್‌ನ ಕಣ್ಣು. ಮುಂದೆ ಅವನ ಪಾತ್ರ ಗೋಡೆಯನ್ನು ಸವರಿಕೊಂಡು ಓಡುತ್ತದೆ, ಕ್ಯಾಮೆರಾ ಬೆನ್ನಟ್ಟುತ್ತದೆ. ದಾರಿಯಲ್ಲಿ ಎದುರಾದ ದಂಪತಿ ಕ್ಯಾಮೆರಾದ ಕಡೆ ಕಣ್ಣೆತ್ತಿದ ಕೂಡಲೇ ಅವರ ಮುಖ ಭೀತಿಯಿಂದ ವಿಕಾರವಾಗುತ್ತದೆ. ಮೆಟ್ಟಿಲಿಳಿಯುತ್ತಿದ್ದ ಹೂವಿನ ಮುದುಕಿ ಅದೇ ನೋಟಕ್ಕೆ ಸಿಕ್ಕಿ ಕುಸಿದುಬೀಳುತ್ತಾಳೆ. ಕೋಣೆ ಸೇರಿದವನು ಕಿಟಕಿಗೆ ಪರದೆ ಎಳೆಯುತ್ತಾನೆ, ಕನ್ನಡಿಯನ್ನು ಮುಚ್ಚುತ್ತಾನೆ, ನಾಯಿಬೆಕ್ಕುಗಳನ್ನು ಹೊರಗಟ್ಟುತ್ತಾನೆ, ಗಿಳಿಯ ಪಂಜರಕ್ಕೂ ಮೀನಿನ ಗಾಜಿನ ತೊಟ್ಟಿಗೂ ಬಟ್ಟೆ ಹೊದಿಸುತ್ತಾನೆ. ಗೋಡೆಯ ಮೇಲೆ ಅಗಲಗಣ್ಣಿನ ಒಂದು ದೇವಮುಖವಿದೆ. ಪಿತದೇವರ ಮುಖವಿರಬೇಕೆಂದು ಬೆಕೆಟ್ ಬರೆದಿದ್ದ. ಚಿತ್ರದಲ್ಲಿ ಬಳಸಿದ್ದು ಸುಮೇರಿಯದ ಪುರಾತನ ಶಿಲ್ಪವೊಂದರ ಪ್ರತಿಕೃತಿ. ಅದನ್ನೂ ಕಿತ್ತು ಹರಿದು ಕಾಲಲ್ಲಿ ತುಳಿಯುತ್ತಾನೆ.

ಕೊನೆಗೆ ತೂಗುಕುರ್ಚಿಯಲ್ಲಿ ಒರಗಿ ತೂಕಡಿಸಿದವನು ಕಣ್ಣು ತೆರೆದಾಗ, ತನ್ನನ್ನು ಇಷ್ಟು ಹೊತ್ತು ಬೆನ್ನಟ್ಟಿದ ನೋಟವನ್ನು ಎದುರಿಸುತ್ತಾನೆ. ಎದುರಿಗೆ ನಿಂತಿರುವುದು ಅವನದೇ ಮುಖ. ಅದೇ ಒಂದು ಕಣ್ಣಿನ ಮೇಲಿನ ಕಪ್ಪುಪಟ್ಟಿ. ಅವನು ಎರಡೂ ಕೈಗಳಿಂದ ಮುಖ ಮುಚ್ಚಿಕೊಳ್ಳುತ್ತಾನೆ.

ಇರುವುದೆಂದರೆ ಕಾಣಲ್ಪಡುವುದು ಎಂಬ ಬರ್ಕ್ಲಿಯ ತತ್ವವೇ ಈ ಚಿತ್ರದ ಬೀಜ ಎಂಬುದನ್ನು ತತ್ವಶಾಸ್ತ್ರದ ವಿದ್ಯಾರ್ಥಿಗಳು ಬಲ್ಲರು. ಬರ್ಕ್ಲಿ ಒಬ್ಬ ಆಂಗ್ಲಿಕನ್ ಧರ್ಮಾಧ್ಯಕ್ಷನಾಗಿದ್ದ. ಯಾರೂ ನೋಡದಿದ್ದಾಗಲೂ ಜಗತ್ತು ಕುಸಿಯದೆ ನಿಂತಿರುವುದು ದೇವರು ನೋಡುತ್ತಿರುವುದರಿಂದ ಎಂಬುದು ಅವನಿಗೆ ಸಮಾಧಾನ. ಅದೇ ವಾಕ್ಯ ಬೆಕೆಟ್‌ನ ಕೈಯಲ್ಲಿ ಶಿಕ್ಷೆಯಾಗುತ್ತದೆ. ನೋಡುವವರನ್ನೆಲ್ಲ ಹೊರಗಟ್ಟಿ, ದೇವರನ್ನೂ ಹರಿದೆಸೆದ ಮೇಲೆಯೂ ನೋಟವೊಂದು ಉಳಿಯುತ್ತದೆ. ಅದರಲ್ಲಿ ಕರುಣೆ ಮಾತ್ರ ಉಳಿದಿಲ್ಲ.

ಇದನ್ನು ನಾಸ್ತಿಕನ ಸಂಕಟವೆಂದು ಹೇಳಿ ಕೈತೊಳೆದುಕೊಳ್ಳಲು ನಮಗೆ ಸಾಧ್ಯವಾಗದು. ಪಾಪನಿವೇದನೆಗೆ ಬರುವವರಲ್ಲಿ ಎಷ್ಟೋ ಮಂದಿ ಈ ಕೋಣೆಯಿಂದಲೇ ಎದ್ದು ಬಂದವರು. ಅವರಿಗೆ ಆ ಕೋಣೆಯನ್ನು ಕಟ್ಟಿಕೊಟ್ಟವರಲ್ಲಿ ನಾವೂ ಇದ್ದೇವೆ. ತ್ರಿಕೋನದೊಳಗಿನ ದೇವರ ಕಣ್ಣನ್ನು ತೋರಿಸಿ, ನೀನು ಕದ್ದರೂ ಕಾಣುತ್ತದೆ, ಸುಳ್ಳಾಡಿದರೂ ಕಾಣುತ್ತದೆ ಎಂದು ಧರ್ಮೋಪದೇಶದ ತರಗತಿಯಲ್ಲಿ ಮಕ್ಕಳನ್ನು ಹೆದರಿಸಿದ್ದೇವೆ. ಆದಿಕಾಂಡದಲ್ಲಿ ಮೊದಲ ಮನುಷ್ಯ ಮರಗಳ ಮರೆಗೆ ಓಡಿದ್ದನ್ನು ಹತ್ತಾರು ಸಲ ಪ್ರಬೋಧಿಸುವ ನಾವು, ಅದೇ ಗ್ರಂಥದ ಹದಿನಾರನೆಯ ಅಧ್ಯಾಯದಲ್ಲಿ ಮನೆಯಿಂದ ಓಡಿಹೋದ ದಾಸಿ ಹಾಗರಳು ಮರುಭೂಮಿಯ ಬುಗ್ಗೆಯ ಬಳಿ ದೇವರಿಗೆ, ತನ್ನನ್ನು ನೋಡುವವನು ಎಂಬರ್ಥದ ಹೆಸರಿಟ್ಟದ್ದನ್ನು ಎಷ್ಟು ಸಲ ಪ್ರಬೋಧಿಸಿದ್ದೇವೆ? ಅವಳನ್ನು ಅದುವರೆಗೆ ದುಡಿಸಿಕೊಂಡವರಿದ್ದರು, ಬಳಸಿಕೊಂಡವರಿದ್ದರು, ನೋಡಿದವರಿರಲಿಲ್ಲ.

ಕೂಸಾದ ನಿಕೊಲಾಸ್ 1453ರಲ್ಲಿ ಟೆಗರ್ನ್‌ಸೆ ಮಠದ ಬೆನೆಡಿಕ್ಟೀನ್ ಸನ್ಯಾಸಿಗಳಿಗೆ ದೇವರ ದರ್ಶನವನ್ನು ಕುರಿತ ತನ್ನ ಕೃತಿಯನ್ನು ಕಳುಹಿಸಿದಾಗ, ಜೊತೆಗೆ ಒಂದು ಚಿತ್ರಪಟವನ್ನೂ ಕಳುಹಿಸಿದ. ಎಲ್ಲಿ ನಿಂತರೂ ನಮ್ಮನ್ನೇ ನೋಡುವಂತೆ ತೋರುವ ಮುಖ ಅದು. ಗೋಡೆಗೆ ತೂಗುಹಾಕಿ, ಒಬ್ಬ ಸಹೋದರ ಪೂರ್ವದಿಂದ ಪಶ್ಚಿಮಕ್ಕೂ ಇನ್ನೊಬ್ಬ ಪಶ್ಚಿಮದಿಂದ ಪೂರ್ವಕ್ಕೂ ನಡೆಯಿರಿ ಎಂದು ಸೂಚಿಸಿದ. ಆ ನೋಟ ತನ್ನ ಜೊತೆಗೇ ಬರುತ್ತಿದೆ ಎಂದು ಇಬ್ಬರಿಗೂ ಅನ್ನಿಸುತ್ತದೆ. ಆದರೆ ಅದು ಅದೇ ಹೊತ್ತಿನಲ್ಲಿ ವಿರುದ್ಧ ದಿಕ್ಕಿಗೂ ಹೋಗುತ್ತಿದೆ ಎಂಬುದು ತಾನಾಗಿ ತಿಳಿಯದು. ಎದುರಿನಿಂದ ಬಂದ ಸಹೋದರನನ್ನು ಕೇಳಬೇಕು, ಅವನ ಮಾತನ್ನು ನಂಬಬೇಕು. ಬೆಕೆಟ್‌ನ ಕೋಣೆಯಲ್ಲಿ ಇಲ್ಲದಿರುವುದು ಈ ಎದುರಿನಿಂದ ಬರುವ ಸಹೋದರ. ಅಲ್ಲಿ ನೋಡುವವನೂ ನೋಡಿಸಿಕೊಳ್ಳುವವನೂ ಒಬ್ಬನೇ. ಕೇಳಿ ತಿಳಿಯಲು ಬೇರೆ ಯಾರೂ ಇಲ್ಲ.

ಈಗ ಪೇತ್ರನ ಅಂಗಳಕ್ಕೆ ಮರಳೋಣ. ಪ್ರಭುವಿನ ಆ ನೋಟವನ್ನು ದಾಖಲಿಸಿದವನು ಸಂತ ಲೂಕನೊಬ್ಬನೇ. ಅವನು ಬಳಸುವ ಗ್ರೀಕ್ ಕ್ರಿಯಾಪದ ‘ಎಂಬ್ಲೆಪೋ’, ಒಳಹೊಕ್ಕು ದಿಟ್ಟಿಸುವುದು. ಆಸ್ತಿವಂತನಾಗಿದ್ದವನನ್ನು ಯೇಸು ನೋಡಿ ಪ್ರೀತಿಸಿದರೆಂದು ಸಂತ ಮಾರ್ಕನು ಹೇಳುವಲ್ಲಿಯೂ (10:21), ಮೊದಲ ಭೇಟಿಯಲ್ಲಿ ಸಿಮೋನನಿಗೆ ಹೊಸ ಹೆಸರು ಸಿಗುವ ಸಂದರ್ಭದಲ್ಲಿ ಸಂತ ಯೊವಾನ್ನನೂ (1:42) ಇದೇ ಪದವನ್ನು ಬಳಸುತ್ತಾರೆ. ಆದರೆ ಆ ಕಣ್ಣುಗಳಲ್ಲಿ ಏನಿತ್ತೆಂದು ಲೂಕ ಹೇಳುವುದಿಲ್ಲ. ‘ಕರುಣೆ ತುಂಬಿದ’, ‘ನೋವು ತುಂಬಿದ’ ಎಂಬ ವಿಶೇಷಣಗಳೆಲ್ಲ ಪ್ರಬೋಧಕರಾದ ನಮ್ಮ ಜೋಡಣೆ. ಲೂಕ ಮಾಡುವುದು ಸಂಕಲನಕಾರನ ಕೆಲಸ: ಕೋಳಿ ಕೂಗಿದ ಸದ್ದಿನ ಪಕ್ಕದಲ್ಲಿ ನೋಟವನ್ನು ಇಡುತ್ತಾನೆ, ಅದರ ಪಕ್ಕದಲ್ಲಿ ನೆನಪನ್ನು ಇಡುತ್ತಾನೆ, ಆಮೇಲೆ ಕಣ್ಣೀರು. ಮಾರ್ಕರ್‌ನ ನಿರೂಪಕ ಮೌನವಾಗುವಲ್ಲಿಯೇ ಲೂಕನೂ ಮೌನವಾಗುತ್ತಾನೆ.

ಹಾಗಾದರೆ ಮಾರ್ಕರ್ ಆ ತೆರೆದ ಕಣ್ಣುಗಳ ಪಕ್ಕದಲ್ಲಿ ಏನನ್ನು ಇಟ್ಟಿದ್ದಾನೆ? ತರಗತಿಯಲ್ಲಿ ನಮ್ಮ ಗಮನಕ್ಕೆ ಬಾರದೆ ಹೋದದ್ದು ಇದೇ. ಅವಳು ಕಣ್ಣು ತೆರೆದ ಮೇಲೆ ಬರುವ ಚಿತ್ರ ಪ್ರೇಮಿಯದಲ್ಲ. ನೆಲಮಾಳಿಗೆಯಲ್ಲಿ ಪ್ರಯೋಗ ನಡೆಸುವವನ ಮುಖ. ಇದನ್ನು ಸಾಮಾನ್ಯವಾಗಿ ಕನಸಿನ ಭಂಗವೆಂದು, ಕ್ರೂರ ವಾಸ್ತವದ ಮರುಪ್ರವೇಶವೆಂದು ಓದಬಹುದು. ಆ ಓದು ತಪ್ಪಲ್ಲ. ಆದರೆ ಕುಲೆಶೋವ್ ಕಲಿಸಿದ ಪಾಠವನ್ನು ನಿಷ್ಠೆಯಿಂದ ಅನ್ವಯಿಸಿದರೆ, ಆ ನೋಟ ಹೋಗಿ ಬಿದ್ದದ್ದು ಆ ಮನುಷ್ಯನ ಮೇಲೆ. 28 ನಿಮಿಷಗಳಲ್ಲಿ ಒಮ್ಮೆ ಮಾತ್ರ ದೊರೆಯುವ ಜೀವಂತ ನೋಟ, ಅದಕ್ಕೆ ಕಿಂಚಿತ್ತೂ ಅರ್ಹನಲ್ಲದ, ಅದನ್ನು ಕಾಣಲೂ ಆಗದ ಒಬ್ಬನ ಮುಖವನ್ನು ಸೋಕುತ್ತದೆ. ಮಹಾಯಾಜಕನ ಅಂಗಳದಲ್ಲಿಯೂ ಬೆಂಕಿಯ ಸುತ್ತ ಪೇತ್ರನೊಬ್ಬನೇ ಇರಲಿಲ್ಲ. ಪ್ರಭು ಹಿಂದಿರುಗಿದಾಗ ಕಾವಲಿನವರ ಮುಖಗಳೂ ಅದೇ ಬೆಳಕಿನಲ್ಲಿದ್ದವು.

ಈ ಓದನ್ನು ನಾವು ಮುಂದಿಟ್ಟಾಗ ಸಹ ಅಧ್ಯಾಪಕರಾದ ಧರ್ಮಭಗಿನಿಯೊಬ್ಬರು ನೇರವಾಗಿಯೇ ಆಕ್ಷೇಪಿಸಿದರು. ಇಡೀ ಚಿತ್ರದಲ್ಲಿ ಆ ಹೆಣ್ಣಿಗೆ ಹೆಸರಿಲ್ಲ, ಒಂದು ಮಾತಿಲ್ಲ. ಅವಳು ಗಂಡಸೊಬ್ಬನ ನೆನಪಿಗಾಗಿ ಇದ್ದಾಳೆ. ಈಗ ನೀವು ಅವಳ ಕಣ್ಣನ್ನು ಹಿಂಸಕನ ಉದ್ಧಾರಕ್ಕೂ ದುಡಿಸಿಕೊಳ್ಳುತ್ತಿದ್ದೀರಿ ಎಂದರು. ಈ ಮಾತಿನಲ್ಲಿ ಬಹುಪಾಲು ಸತ್ಯವಿದೆ. ಅವಳನ್ನು ಹೆಸರಿಲ್ಲದೆ ಬಿಟ್ಟದ್ದು ಮಾರ್ಕರ್‌ನ ದೋಷವೆಂದೇ ನಾವೂ ತಿಳಿಯುತ್ತೇವೆ. ನೊಂದವರ ನೋಟವನ್ನು ನೋಯಿಸಿದವರಿಗೆ ಕ್ಷಮಾಪತ್ರವಾಗಿ ಬಳಸುವ ಚಾಳಿ ಧರ್ಮಸಭೆಯಲ್ಲಿ ಇಲ್ಲವೆನ್ನಲೂ ಆಗದು. ಆದುದರಿಂದ ಇಷ್ಟನ್ನು ಸ್ಪಷ್ಟಪಡಿಸಬೇಕು: ಆ ನೋಟ ಅವನನ್ನು ಕ್ಷಮಿಸಿತೆಂದು ನಾವು ಹೇಳುತ್ತಿಲ್ಲ. ಚಿತ್ರದಲ್ಲಿ ಅವನೇನೂ ಬದಲಾಗುವುದಿಲ್ಲ; ಕೊನೆಯಲ್ಲಿ ಕೊಲ್ಲಲು ಕಟ್ಟೆಯವರೆಗೂ ಹಿಂಬಾಲಿಸಿ ಬರುವವನು ಅದೇ ಶಿಬಿರದವನು. ಪೇತ್ರ ಅತ್ತ. ಕಾವಲಿನವರು, ಲೂಕನ ಪ್ರಕಾರ, ಕೂಡಲೇ ಪ್ರಭುವಿನ ಕಣ್ಣಿಗೆ ಬಟ್ಟೆ ಕಟ್ಟಿದರು. ಈ ಎರಡು ವಾಕ್ಯಗಳು ಎಷ್ಟು ಹತ್ತಿರದಲ್ಲಿವೆ ಎಂಬುದು ಮಾರ್ಕರ್‌ನ ಸೆರೆಯಾಳಿನ ಕಣ್ಣಿನ ಪಟ್ಟಿಯನ್ನು ಕಾಣುವವರೆಗೂ ನಮಗೆ ಹೊಳೆದಿರಲಿಲ್ಲ.

ಈ ವಿಷಯ ನಮ್ಮನ್ನು ಇಷ್ಟು ಕಾಡಲು ಕಾರಣವೂ ಉಂಟು. ದೀಕ್ಷೆಯಾದ ಮೊದಲ ವರ್ಷಗಳಲ್ಲಿ ಧರ್ಮಕೇಂದ್ರವೊಂದರಲ್ಲಿ ಪಾರ್ಶ್ವವಾಯು ಬಡಿದು ಮಾತು ನಿಂತಿದ್ದ ಅಜ್ಜಿಯೊಬ್ಬರಿಗೆ ವ್ಯಾಧಿಸ್ಥರ ಅಭ್ಯಂಗ ಕೊಡಲು ಹೋಗಿದ್ದೆವು. ವಿಧಿಯನ್ನು ಒಂದಕ್ಷರ ಬಿಡದೆ ನೆರವೇರಿಸಿದೆವು; ಪುಸ್ತಕ ಕೈಯಲ್ಲಿತ್ತು, ಕಣ್ಣು ಪುಸ್ತಕದಲ್ಲಿತ್ತು. ಹಣೆಗೆ ಎಣ್ಣೆ ಹಚ್ಚುವಾಗಲೂ ಮುಂದಿನ ಪ್ರಾರ್ಥನೆಯ ಪುಟವನ್ನು ಹುಡುಕುತ್ತಿದ್ದೆವು. ಹೊರಗೆ ಬಂದಾಗ ಅವರ ಮಗಳು, “ಸ್ವಾಮಿ, ಅಮ್ಮ ಬೆಳಗಿನಿಂದ ಯಾರನ್ನೂ ನೋಡಿರಲಿಲ್ಲ. ನೀವು ಬಂದಾಗಿನಿಂದ ನಿಮ್ಮನ್ನೇ ನೋಡುತ್ತಿದ್ದರು” ಎಂದರು. ನಮಗೆ ಅದು ಗೊತ್ತಾಗಿರಲಿಲ್ಲ. ಒಳಗೆ ಮರಳಿ ಹೋಗಬಹುದಿತ್ತು. ಇನ್ನೊಂದು ಮನೆಗೆ ಪರಮಪ್ರಸಾದ ಒಯ್ಯುವುದಿತ್ತು, ಹೊರಟುಬಿಟ್ಟೆವು. ಅಂದು ರಾತ್ರಿ ಅವರು ತೀರಿಕೊಂಡರು.

ಪ್ರತಿ ರಾತ್ರಿ ಪ್ರಾರ್ಥನೆಯ ಕೊನೆಗೆ ‘ಸಾಲ್ವೆ ರೆಜೀನಾ’ದಲ್ಲಿ ದೇವಮಾತೆಯ ಕರುಣೆಯ ಕಣ್ಣುಗಳನ್ನು ನಮ್ಮೆಡೆಗೆ ಬೇಡುವಾಗ ನಮಗೆ ಎದುರಾಗುವುದು ಆ ಮಂಚ. ಅಜ್ಜಿಯ ಕಣ್ಣಿನಲ್ಲಿ ಏನಿತ್ತೆಂದು ಹೇಳಲು ಈಗಲೂ ನಮ್ಮಲ್ಲಿ ವಿಶೇಷಣವಿಲ್ಲ, ಏಕೆಂದರೆ ನಾವು ನೋಡಲಿಲ್ಲ. ಕಣ್ಣು ಭಾವವನ್ನು ವ್ಯಕ್ತಪಡಿಸುತ್ತದೆಯೋ ಇಲ್ಲವೋ ಎಂಬ ವಿಮರ್ಶೆಯ ಚರ್ಚೆಗೆ ಅಂದು ನಮಗೆ ಅವಕಾಶವೇ ಸಿಗಲಿಲ್ಲ.

‘ಲಾ ಜೆಟೆ’ಯಲ್ಲಿ ಕೇಳಿಬರುವ ಗಾಯನ ರಷ್ಯನ್ ಪೂಜಾವಿಧಿಯ ಪವಿತ್ರ ಶನಿವಾರದ್ದು, ಪ್ಯಾರಿಸ್ಸಿನ ಸಂತ ಅಲೆಕ್ಸಾಂಡರ್ ನೆವ್ಸ್ಕಿ ಪ್ರಧಾನಾಲಯದ ಮೇಳ ಹಾಡಿದ್ದು. ಶುಭಶುಕ್ರವಾರದ ಶಿಲುಬೆಗೂ ಭಾನುವಾರದ ಬರಿದಾದ ಸಮಾಧಿಗೂ ನಡುವೆ ಏನೂ ಚಲಿಸದ ದಿನ ಅದು. ಮುಂದಿನ ತಪಸ್ಸುಕಾಲದಲ್ಲಿ ಈ ಚಿತ್ರವನ್ನು ಮತ್ತೆ ತೋರಿಸಲಿದ್ದೇವೆ. ಆ ಬ್ರದರ್ ಅದೇ ಪ್ರಶ್ನೆಯನ್ನು ಕೇಳಿದರೆ, ಈ ಸಲ ಚಿತ್ರವನ್ನು ಅಲ್ಲಿಯೇ ನಿಲ್ಲಿಸಿ, ಒಂದು ಚಿತ್ರ ಮುಂದಕ್ಕೆ ಸರಿಸಿ, ಆ ದಪ್ಪ ಮಸೂರಗಳ ಮುಖವನ್ನು ತೋರಿಸುತ್ತೇವೆ.